ಎಡಗೈ ಪಿಚರ್, ಚೂರಾದ ಎಡಗಾಲು: ಲೂ ಬ್ರಿಸ್ಸಿ ಪ್ರಕರಣ

ಅಮೆರಿಕದ ಬೇಸ್‌ಬಾಲ್ ದಾಖಲೆಗಳಲ್ಲಿ ಲೂ ಬ್ರಿಸ್ಸಿ ಎಂಬ ಪಿಚರ್ (ಬ್ಯಾಟರ್‌ಗೆ ಚೆಂಡು ಎಸೆಯುವವ) ಹೆಸರಿನ ಎದುರು ಇರುವುದು ಇಷ್ಟು: 1947ರಿಂದ 1953, ಏಳು ಸೀಸನ್, 234 ಪಂದ್ಯ, 44 ಗೆಲುವು, 48 ಸೋಲು. ಬೇಸ್‌ಬಾಲ್‌ನಲ್ಲಿ ಪಂದ್ಯದ ಗೆಲುವನ್ನೂ ಸೋಲನ್ನೂ ಒಬ್ಬೊಬ್ಬ ಪಿಚರ್ ಹೆಸರಿಗೆ ಬರೆಯುತ್ತಾರೆ. ಇಲ್ಲಿ ಗೆಲುವಿಗಿಂತ ಸೋಲೇ ಜಾಸ್ತಿ. ಸುಮ್ನೆ ಕಣ್ಣಾಡಿಸುವವರು ಇಲ್ಲಿ ನಿಲ್ಲುವುದಿಲ್ಲ. ನಾನು ನಿಂತದ್ದು ಇನ್ನೊಂದು ಸಂಗತಿ ಗೊತ್ತಾದ ಮೇಲೆ. ಈ 44 ಗೆಲುವುಗಳಿಗೂ ಮೊದಲು, ಇಟಲಿಯ ಯುದ್ಧಭೂಮಿಯಲ್ಲಿ ಅವರ ಎಡಗಾಲಿನ ಮೂಳೆ 30ಕ್ಕೂ ಹೆಚ್ಚು ಚೂರಾಗಿತ್ತು.

ಈ ಕಥೆ ತಿಳಿದವರು ಇದನ್ನು ಧೈರ್ಯದ ಕಥೆಯಾಗಿ ಹೇಳುತ್ತಾರೆ. ಧೈರ್ಯ ಇದ್ದೇ ಇತ್ತು, ಅದರಲ್ಲಿ ಅನುಮಾನವಿಲ್ಲ. ಆದರೆ ಧೈರ್ಯ ಅಂದುಬಿಟ್ಟರೆ ವಿಚಾರ ಅಲ್ಲಿಗೇ ನಿಂತುಹೋಗುತ್ತದೆ. ನನ್ನನ್ನು ಹಿಡಿದಿಟ್ಟ ಪ್ರಶ್ನೆ ಬೇರೆ. ಬ್ರಿಸ್ಸಿ ಎಡಗೈ ಪಿಚರ್. ಚೂರಾದದ್ದು ಎಡಗಾಲು. ಎಡಗೈಯಲ್ಲಿ ಎಸೆಯುವವನಿಗೆ ಬೇಕೇ ಬೇಕಾದ ಕಾಲು ಅದೇ. ಹಾಗಿದ್ದರೆ ಅವರು ಎಸೆದದ್ದು ಹೇಗೆ?

ಬೇಸ್‌ಬಾಲ್ ನೋಡಿ ರೂಢಿಯಿಲ್ಲದವರಿಗಾಗಿ ಒಂದೆರಡು ಮಾತು. ನಮ್ಮ ಕ್ರಿಕೆಟ್‌ನ ವೇಗದ ಬೌಲರ್ ಓಡಿಬರುತ್ತಾನೆ. ಅವನ ವೇಗದ ಒಂದು ಪಾಲು ಆ ಓಟದಿಂದ ಬರುತ್ತದೆ. ಪಿಚರ್‌ಗೆ ಓಡುವ ಅವಕಾಶವೇ ಇಲ್ಲ. ಒಂದು ಸಣ್ಣ ಮಣ್ಣಿನ ದಿಬ್ಬದ ಮೇಲೆ ರಬ್ಬರಿನ ಪಟ್ಟಿಯೊಂದನ್ನು ಹೂತಿಟ್ಟಿರುತ್ತಾರೆ. ಅದಕ್ಕೆ ಪಾದ ತಾಗಿಸಿಕೊಂಡೇ ಎಸೆಯಬೇಕು. ಬ್ಯಾಟ್ ಹಿಡಿದವನು ಸುಮಾರು 18.4 ಮೀಟರ್ ದೂರದಲ್ಲಿ ನಿಂತಿರುತ್ತಾನೆ. ಎಡಗೈ ಪಿಚರ್ ಆದರೆ ಬಲಗಾಲು ಮೇಲೆತ್ತಿ, ಒಂದು ಕ್ಷಣ ಪೂರ್ತಿ ಮೈಭಾರವನ್ನು ಎಡಗಾಲ ಮೇಲೆ ಹೊತ್ತು, ಆ ಎಡಗಾಲಿನಿಂದ ಪಟ್ಟಿಯನ್ನು ಒದ್ದು ಮುಂದಕ್ಕೆ ಬರುತ್ತಾನೆ. ಆ ಒದೆತದ ಬಲ ಸೊಂಟಕ್ಕೆ ಏರಿ, ಬೆನ್ನಿಗೆ ಹೋಗಿ, ಭುಜ ದಾಟಿ, ಬೆರಳ ತುದಿಯಿಂದ ಚೆಂಡಿಗೆ ಇಳಿಯುತ್ತದೆ. ಒಂದು ಪಂದ್ಯದಲ್ಲಿ ನೂರಕ್ಕೂ ಹೆಚ್ಚು ಸಲ ಹೀಗೆ ಒದೆಯಬೇಕಾಗಬಹುದು. ಎತ್ತಿದ ಬಲಗಾಲು ಕೊನೆಯಲ್ಲಿ ನೆಲ ಮುಟ್ಟಿ ಮೈಯನ್ನು ತಡೆದು ನಿಲ್ಲಿಸುತ್ತದೆ. ಒಂದು ಕಾಲು ತಳ್ಳುವುದಕ್ಕೆ, ಇನ್ನೊಂದು ತಡೆಯುವುದಕ್ಕೆ. ಬ್ರಿಸ್ಸಿಯವರದು ಹೋದದ್ದು ತಳ್ಳುವ ಕಾಲು.

ಗಿರಣಿ ಊರಿನ ಹುಡುಗ

ಲೂ ಬ್ರಿಸ್ಸಿ ಹುಟ್ಟಿದ್ದು 1924ರ ಜೂನ್ 5ರಂದು, ಸೌತ್ ಕೆರೊಲಿನಾ ರಾಜ್ಯದ ಆ್ಯಂಡರ್ಸನ್‌ನಲ್ಲಿ. ಅದು ಬಟ್ಟೆ ಗಿರಣಿಗಳ ಸೀಮೆ. ಆ ಕಾಲದಲ್ಲಿ ಅಲ್ಲಿನ ಗಿರಣಿಗಳಿಗೆ ತಮ್ಮದೇ ಬೇಸ್‌ಬಾಲ್ ತಂಡಗಳಿದ್ದವು. ವಾರವಿಡೀ ಮಗ್ಗದ ಮುಂದೆ ನಿಲ್ಲುವ ಕೆಲಸಗಾರರು ಶನಿವಾರ ಮೈದಾನಕ್ಕಿಳಿಯುತ್ತಿದ್ದರು, ಊರಿಗೆ ಊರೇ ನೋಡಲು ಬರುತ್ತಿತ್ತು. ವೇರ್ ಶೋಲ್ಸ್ ಎಂಬ ಗಿರಣಿ ಊರಿನ ತಂಡದಲ್ಲಿ ಬ್ರಿಸ್ಸಿ ಹದಿಹರೆಯದಲ್ಲೇ ದೊಡ್ಡವರ ಎದುರು ಎಸೆಯುತ್ತಿದ್ದರು. ಎತ್ತರ 6 ಅಡಿ 4 ಇಂಚಿನವರೆಗೂ ಬೆಳೆಯಿತು. ಎಡಗೈ, ಜೊತೆಗೆ ಆ ಎತ್ತರ. ದೊಡ್ಡ ತಂಡಗಳವರ ಕಣ್ಣಿಗೆ ಬೀಳಲು ಅಷ್ಟು ಸಾಕಾಯಿತು.

ಫಿಲಡೆಲ್ಫಿಯಾ ಅಥ್ಲೆಟಿಕ್ಸ್ ತಂಡವನ್ನು ಆಗ ನಡೆಸುತ್ತಿದ್ದವರು ಕಾನಿ ಮ್ಯಾಕ್. 1862ರಲ್ಲಿ ಹುಟ್ಟಿದ ಅಜ್ಜ. 1901ರಿಂದ ಅದೇ ತಂಡದ ಮ್ಯಾನೇಜರ್. ಬೇರೆ ಮ್ಯಾನೇಜರ್‌ಗಳು ಆಟಗಾರರ ಉಡುಪಿನಲ್ಲೇ ಇರುತ್ತಿದ್ದರೆ, ಇವರು ಸೂಟು ತೊಟ್ಟು, ಕೈಯಲ್ಲಿ ಸ್ಕೋರ್ ಕಾರ್ಡ್ ಹಿಡಿದು ಕೂರುತ್ತಿದ್ದರು. ಮ್ಯಾಕ್ ಹುಡುಗನನ್ನು ನೋಡಿ ಮೆಚ್ಚಿದರು. ಆದರೆ ಆತುರಪಡಲಿಲ್ಲ, ಮೊದಲು ಕಾಲೇಜು ಓದಲಿ ಅಂದರು. ಬ್ರಿಸ್ಸಿ ತಮ್ಮದೇ ರಾಜ್ಯದ ಪ್ರೆಸ್ಬಿಟೇರಿಯನ್ ಕಾಲೇಜು ಸೇರಿದರು. ಅಲ್ಲಿನ ಬೇಸ್‌ಬಾಲ್ ಕೋಚ್ ಚಿಕ್ ಗ್ಯಾಲೊವೇ, ಹಿಂದೆ ಮ್ಯಾಕ್ ಅವರ ತಂಡದಲ್ಲೇ ಆಡಿದ್ದವರು. ಎಲ್ಲ ಲೆಕ್ಕ ಹಾಕಿದಂತೆಯೇ ನಡೆಯುತ್ತಿತ್ತು. ಅಷ್ಟರಲ್ಲಿ ಯುದ್ಧ ಬಂತು. 1942ರ ಕೊನೆಗೆ ಬ್ರಿಸ್ಸಿ ಸೈನ್ಯ ಸೇರಿದರು.

1944ರ ಡಿಸೆಂಬರ್ 7

ಉತ್ತರ ಇಟಲಿಯ ಅಪೆನೈನ್ ಬೆಟ್ಟಸಾಲು. ಚಳಿಗಾಲ. ಅಮೆರಿಕದ 88ನೇ ಪದಾತಿ ಡಿವಿಜನ್‌ನಲ್ಲಿ ಬ್ರಿಸ್ಸಿ ಕಾರ್ಪೊರಲ್. ವಯಸ್ಸು 20. ಅಂದು ಜರ್ಮನ್ನರ ಫಿರಂಗಿ ಗುಂಡುಗಳು ಅವರ ತುಕಡಿಯ ಮೇಲೆ ಸುರಿದವು. ಜೊತೆಗಾರರು ಸುತ್ತಲೇ ಸತ್ತು ಬಿದ್ದರು. ಒಂದು ಗುಂಡು ಬ್ರಿಸ್ಸಿಯವರ ಪಕ್ಕದಲ್ಲೇ ಸಿಡಿಯಿತು. ಎಡಗಾಲಿನ ಮೊಣಕಾಲಿನಿಂದ ಕೆಳಗಿನ ಮೂಳೆ ಪುಡಿಯಾಯಿತು. ಎಡ ಪಾದದ ಕೀಲು ಮುರಿಯಿತು. ಬಲ ಪಾದವೂ ಮುರಿಯಿತು. ಜನ ಬಂದು ಎತ್ತುವವರೆಗೆ ಕೆಸರಿನಲ್ಲೇ ಬಿದ್ದಿದ್ದರು.

ಯುದ್ಧಭೂಮಿಯ ವೈದ್ಯರು ಕಾಲು ತೆಗೆಯಬೇಕು ಅಂದರು. ಆ ವೈದ್ಯರನ್ನು ಕಲ್ಲುಮನಸ್ಸಿನವರು ಅಂತ ಅಂದುಕೊಳ್ಳಬಾರದು. ಅವರಿಗೆ ಗೊತ್ತಿದ್ದ ವೈದ್ಯಕೀಯದ ಪ್ರಕಾರ ಅದೇ ಸರಿ. ಮೂಳೆ ಇಷ್ಟು ಚೂರಾಗಿ, ಗಾಯಕ್ಕೆ ಮಣ್ಣು ಸೇರಿದರೆ ಕೊಳೆಯುವುದು ಹೆಚ್ಚುಕಡಿಮೆ ಖಚಿತ. ಕೊಳೆತದ್ದು ರಕ್ತಕ್ಕೆ ಇಳಿದರೆ ಜೀವವೇ ಹೋಗುತ್ತದೆ. ಕಾಲು ಕೊಟ್ಟು ಜೀವ ಉಳಿಸುವುದು ಅಂದಿನ ಲೆಕ್ಕ. ಬ್ರಿಸ್ಸಿ ಒಪ್ಪಲಿಲ್ಲ. ತಾನು ಬೇಸ್‌ಬಾಲ್ ಆಡುವವನು, ಕಾಲು ಬೇಕು ಅಂತ ಬೇಡಿಕೊಂಡರು. ಒಂದು ಆಸ್ಪತ್ರೆಯಿಂದ ಇನ್ನೊಂದಕ್ಕೆ ಸಾಗಿಸುತ್ತಾ ಕೊನೆಗೆ ನೇಪಲ್ಸ್‌ಗೆ ತಂದರು. ಅಲ್ಲಿ ಸಿಕ್ಕವರು ವಿಲ್ಬರ್ ಬ್ರೂಬೇಕರ್ ಎಂಬ ಸೇನಾ ಸರ್ಜನ್. ಅವರು ಕತ್ತರಿಸಲಿಲ್ಲ. ಜೋಡಿಸಲು ಕೂತರು.

ಈ ಪ್ರಕರಣದಲ್ಲಿ ಎಲ್ಲಕ್ಕಿಂತ ದೊಡ್ಡ ತೀರ್ಮಾನ ಇದೇ ಅನ್ನುವುದು ನನ್ನ ಅಭಿಪ್ರಾಯ. ಇದರ ಹಿಂದೆ ಕಾಲದ ಪಾತ್ರವೂ ಇತ್ತು. ಪೆನಿಸಿಲಿನ್ ಸೈನಿಕರಿಗೆ ಸಾಕಾಗುವಷ್ಟು ತಯಾರಾಗತೊಡಗಿದ್ದೇ 1943–44ರ ಹೊತ್ತಿಗೆ. ಅದಕ್ಕೆ ನಾಲ್ಕು ವರ್ಷ ಮೊದಲು ಇದೇ ಗಾಯ ಆಗಿದ್ದರೆ, ಎಷ್ಟೇ ಬೇಡಿಕೊಂಡರೂ ಯಾವ ವೈದ್ಯರೂ ಈ ಕಾಲನ್ನು ಉಳಿಸುವ ಸಾಹಸಕ್ಕೆ ಕೈ ಹಾಕುತ್ತಿರಲಿಲ್ಲ. ಹುಡುಗನ ಹಟ, ಒಬ್ಬ ಸರ್ಜನ್‌ನ ಕೈ, ಹೊಸದಾಗಿ ಬಂದ ಒಂದು ಔಷಧ: ಈ ಮೂರೂ ಒಂದೇ ಹಾಸಿಗೆಯ ಬಳಿ ಕೂಡಿದವು.

ಆಮೇಲಿನ ಎರಡು ವರ್ಷಗಳಲ್ಲಿ 23 ಆಪರೇಷನ್ ಆದವು. ಅವರಿಗೆ ಸುಮಾರು 40 ಸಲ ರಕ್ತ ಏರಿಸಿದರು. ತಂತಿ ಹಾಕಿ ಮೂಳೆ ಚೂರುಗಳನ್ನು ಕಟ್ಟಿ ನಿಲ್ಲಿಸಿದರು. ಕಾಲು ಉಳಿಯಿತು, ಆದರೆ ಮೊದಲಿನ ಕಾಲಾಗಿ ಉಳಿಯಲಿಲ್ಲ. ಮೂಳೆಯೊಳಗಿನ ಸೋಂಕು ಒಮ್ಮೆ ಹೊಕ್ಕರೆ ಪೂರ್ತಿ ಹೋಗುವುದು ಕಷ್ಟ. ತಿಂಗಳುಗಟ್ಟಲೆ ಸುಮ್ಮನಿದ್ದು ಮತ್ತೆ ಕೀವಾಗಿ ಮೇಲೇಳುತ್ತದೆ. ಬ್ರಿಸ್ಸಿಯವರಿಗೆ ಅದು ಜೀವನಪೂರ್ತಿ ಹೀಗೇ ಕಾಡಿತು.

ಆಸ್ಪತ್ರೆಯಲ್ಲಿದ್ದಾಗ ಕಾನಿ ಮ್ಯಾಕ್ ಅವರಿಂದ ಪತ್ರ ಬಂತು. ಈಗ ನಿನ್ನ ಕೆಲಸ ವಾಸಿಯಾಗುವುದು, ಆಡಬಲ್ಲೆ ಅಂತ ನಿನಗೇ ಅನಿಸಿದ ದಿನ ಬಾ, ಅವಕಾಶ ಕೊಡುವುದು ನನ್ನ ಜವಾಬ್ದಾರಿ ಅನ್ನುವ ಅರ್ಥದ ಪತ್ರ. ಹಾಸಿಗೆಯಲ್ಲಿ ಮಲಗಿರುವ ಹುಡುಗನಿಗೆ ಇಂಥ ಮಾತು ಬರೆಯುವವರು ಬಹಳ ಜನ ಸಿಗಬಹುದು. ಆ ಮಾತನ್ನು ಎರಡು ವರ್ಷ ಆದಮೇಲೂ ನೆನಪಿಟ್ಟು ನಡೆಸಿಕೊಟ್ಟವರು ಮ್ಯಾಕ್. ಈ ಅಜ್ಜನ ಬಗ್ಗೆ ನನಗೆ ಗೌರವ ಹುಟ್ಟಿದ್ದು ಇಲ್ಲೇ.

ಅದೇ ಕಾಲು, ಬೇರೆ ಕಾಲು

ಬ್ರಿಸ್ಸಿಯವರ ಕಷ್ಟ ಎಂಥದ್ದು ಅಂತ ಅಳೆಯಲು ಅದೇ ಕಾಲದ ಇನ್ನಿಬ್ಬರನ್ನು ಪಕ್ಕಕ್ಕಿಟ್ಟು ನೋಡಬೇಕು.

ಬರ್ಟ್ ಶೆಪರ್ಡ್ ಕೂಡ ಎಡಗೈ ಪಿಚರ್. ಯುದ್ಧವಿಮಾನದ ಪೈಲಟ್ ಆಗಿದ್ದರು. 1944ರಲ್ಲಿ ಜರ್ಮನಿಯಲ್ಲಿ ವಿಮಾನ ಬಿದ್ದು ಬಲಗಾಲನ್ನು ಮೊಣಕಾಲಿನ ಕೆಳಗೆ ಕಳೆದುಕೊಂಡರು. ಕೃತಕ ಕಾಲು ಕಟ್ಟಿಕೊಂಡು 1945ರ ಆಗಸ್ಟ್ 4ರಂದು ವಾಷಿಂಗ್ಟನ್ ತಂಡದ ಪರವಾಗಿ ಮೈದಾನಕ್ಕಿಳಿದರು. ಐದು ಇನ್ನಿಂಗ್ಸ್‌ಗಿಂತ ಸ್ವಲ್ಪ ಜಾಸ್ತಿ (ಬೇಸ್‌ಬಾಲ್ ಪಂದ್ಯಕ್ಕೆ ಸಾಮಾನ್ಯವಾಗಿ ಒಂಬತ್ತು ಇನ್ನಿಂಗ್ಸ್) ಎಸೆದು ಒಂದೇ ಒಂದು ರನ್ ಕೊಟ್ಟರು. ಬಹಳ ದೊಡ್ಡ ಸಾಧನೆ ಅದು. ಆದರೆ ಅಮೆರಿಕದ ಬೇಸ್‌ಬಾಲ್‌ನ ಅತಿ ಮೇಲಿನ ಹಂತವಾದ ಮೇಜರ್ ಲೀಗ್‌ನಲ್ಲಿ ಅವರು ಆಡಿದ್ದು ಆ ಒಂದೇ ಪಂದ್ಯ. ಅವರ ತಳ್ಳುವ ಕಾಲು ಸರಿಯಾಗಿತ್ತು, ಹೋದದ್ದು ತಡೆಯುವ ಕಾಲು.

ಮಾಂಟಿ ಸ್ಟ್ರಾಟನ್ ಬಲಗೈ ಪಿಚರ್. ಶಿಕಾಗೊ ವೈಟ್ ಸಾಕ್ಸ್ ತಂಡಕ್ಕೆ 1937ರಲ್ಲೂ 1938ರಲ್ಲೂ ತಲಾ 15 ಪಂದ್ಯ ಗೆದ್ದುಕೊಟ್ಟಿದ್ದರು. 1938ರ ನವೆಂಬರ್‌ನಲ್ಲಿ ಬೇಟೆಗೆ ಹೋದಾಗ ತಮ್ಮದೇ ಗುಂಡು ತಗುಲಿ ಬಲಗಾಲು ಹೋಯಿತು. ಅಂದರೆ ತಳ್ಳುವ ಕಾಲು. ಮರದ ಕಾಲಿನಲ್ಲೇ ಅಭ್ಯಾಸ ಮಾಡಿ 1946ರಲ್ಲಿ ಟೆಕ್ಸಸ್‌ನ ಒಂದು ಸಣ್ಣ ಲೀಗ್‌ನಲ್ಲಿ 18 ಪಂದ್ಯ ಗೆದ್ದರು. ಮೇಜರ್ ಲೀಗ್‌ಗೆ ಮಾತ್ರ ಮರಳಲಾಗಲಿಲ್ಲ.

ಈ ಇಬ್ಬರನ್ನೂ ಬ್ರಿಸ್ಸಿಯವರ ಜೊತೆಗಿಟ್ಟಾಗ ಬ್ರೂಬೇಕರ್ ಅವರ ತೀರ್ಮಾನದ ಬೆಲೆ ಕಾಣುತ್ತದೆ. ಎಷ್ಟೇ ಹಾಳಾಗಿದ್ದರೂ ಅದು ಸ್ವಂತ ಕಾಲು. ಅಡಿಯಲ್ಲಿರುವ ಪಟ್ಟಿ ಎಲ್ಲಿದೆ, ಮಣ್ಣು ಸಡಿಲವಾಗಿದೆಯೋ ಗಟ್ಟಿಯಾಗಿದೆಯೋ ಅಂತ ಪಾದಕ್ಕೆ ತಿಳಿಯುತ್ತದೆ. ಮರದ ಕಾಲಿಗೆ ಅದು ತಿಳಿಯದು. ಒಂದು ದಿನ ಎಸೆದು ತೋರಿಸುವುದು ಬೇರೆ, ವರ್ಷಕ್ಕೆ 200 ಇನ್ನಿಂಗ್ಸ್ ಎಸೆಯುವುದು ಬೇರೆ. ಎರಡನೆಯದಕ್ಕೆ ಆ ಅರಿವು ಬೇಕೇ ಬೇಕು ಅಂತ ನನಗೆ ಅನಿಸುತ್ತದೆ.

ಹಾಗಂತ ಮೊದಲಿನಂತೆ ಒದೆಯಲು ಆಗುತ್ತಿರಲಿಲ್ಲ. ಬ್ರಿಸ್ಸಿ ಎಸೆಯುವ ಕ್ರಮವನ್ನೇ ಹೊಸದಾಗಿ ಕಲಿಯಬೇಕಾಯಿತು. ಕೆಳಗಿನಿಂದ ಬರುವ ಬಲ ಕಡಿಮೆಯಾದರೆ ಅದನ್ನು ಬೆನ್ನು ಮತ್ತು ತೋಳು ತುಂಬಿಕೊಡಬೇಕು. ಕಾಲಿಗೆ ಲೋಹದ ಕಾಪು ಕಟ್ಟಿಕೊಂಡೇ ಆಡುತ್ತಿದ್ದರು. ಎಸೆಯುವುದಷ್ಟೇ ಅಲ್ಲ, ಎಸೆದಾದ ಮೇಲೆ ಪಿಚರ್ ಫೀಲ್ಡರ್ ಕೂಡ ಆಗಬೇಕು. ಬ್ಯಾಟರ್ ಚೆಂಡನ್ನು ಮೆಲ್ಲಗೆ ತಟ್ಟಿ ಮುಂದಕ್ಕೆ ಬಿಟ್ಟರೆ ಓಡಿ ಹಿಡಿಯಬೇಕು. ನೇರವಾಗಿ ಮೈಮೇಲೆ ಬಂದರೆ ಕ್ಷಣದಲ್ಲಿ ಪಕ್ಕಕ್ಕೆ ಸರಿಯಬೇಕು. ಈ ಎರಡಕ್ಕೂ ಅವರ ಕಾಲು ತಯಾರಿರಲಿಲ್ಲ.

1946ರಲ್ಲಿ ಮತ್ತೆ ಚೆಂಡು ಹಿಡಿದಾಗ ಸೋಂಕು ಮರಳಿತು. ಪುನಃ ಆಸ್ಪತ್ರೆ. 1947ರಲ್ಲಿ ಮ್ಯಾಕ್, ಬ್ರಿಸ್ಸಿಯವರನ್ನು ಜಾರ್ಜಿಯಾ ರಾಜ್ಯದ ಸವಾನಾ ತಂಡಕ್ಕೆ ಕಳಿಸಿದರು. ಕೆಳಹಂತದ ಲೀಗ್, ಬಿಸಿಲೂರು. ಅಲ್ಲಿ ಬ್ರಿಸ್ಸಿ 23 ಗೆದ್ದು 5 ಸೋತರು. ಪ್ರತಿ 9 ಇನ್ನಿಂಗ್ಸ್‌ಗೆ ಅವರು ಕೊಟ್ಟ ರನ್ ಸರಾಸರಿ 1.91. ಇಂಥ ಅಂಕಿ ಎರಡೂ ಕಾಲು ಗಟ್ಟಿ ಇರುವವರಿಗೂ ಸುಲಭಕ್ಕೆ ಸಿಗುವಂಥದ್ದಲ್ಲ. ಅದೇ ವರ್ಷ ಸೆಪ್ಟೆಂಬರ್ 28ರಂದು ನ್ಯೂಯಾರ್ಕ್‌ನ ಯಾಂಕಿ ಸ್ಟೇಡಿಯಂನಲ್ಲಿ ಮೇಜರ್ ಲೀಗ್‌ನ ಮೊದಲ ಪಂದ್ಯ. ಆ ದಿನ ಸೋತರು. ಆದರೆ ಗುಂಡು ಬಿದ್ದು ಮೂರು ವರ್ಷವೂ ತುಂಬುವ ಮೊದಲು ಅಲ್ಲಿಗೆ ಬಂದು ನಿಂತಿದ್ದರು.

ಟೆಡ್ ವಿಲಿಯಮ್ಸ್ ಹೊಡೆತ

1948ರ ಏಪ್ರಿಲ್ 19. ಬಾಸ್ಟನ್‌ನ ಫೆನ್‌ವೇ ಪಾರ್ಕ್. ಸೀಸನ್‌ನ ಮೊದಲ ದಿನ. ಅಥ್ಲೆಟಿಕ್ಸ್ ಅಂದು ಎರಡು ಪಂದ್ಯ ಆಡಬೇಕಿತ್ತು, ಒಂದನ್ನು ಬ್ರಿಸ್ಸಿ ಕೈಗೆ ಕೊಟ್ಟರು. ಎದುರಿಗೆ ಆ ಕಾಲದ ಅತಿ ದೊಡ್ಡ ಬ್ಯಾಟರ್ ಟೆಡ್ ವಿಲಿಯಮ್ಸ್. ಪಂದ್ಯದ ನಡುವೆ ವಿಲಿಯಮ್ಸ್ ಹೊಡೆದ ಚೆಂಡು ನೆಲ ಮುಟ್ಟದೆ ನೇರವಾಗಿ ಬಂದು ಬ್ರಿಸ್ಸಿಯವರ ಎಡಗಾಲಿಗೇ ಬಡಿಯಿತು. ಅವರು ಅಲ್ಲೇ ಕುಸಿದರು. ಮೈದಾನ ಸ್ತಬ್ಧವಾಯಿತು. ವಿಲಿಯಮ್ಸ್ ಓಡಿಬಂದು ಪಕ್ಕದಲ್ಲಿ ನಿಂತರು.

ಕೆಳಗೆ ಬಿದ್ದಿದ್ದ ಬ್ರಿಸ್ಸಿ, ವಿಲಿಯಮ್ಸ್ ಅವರತ್ತ ನೋಡಿ, ನೀವು ಯಾವಾಗಲೂ ಹೊಡೆಯುವ ಹಾಗೆ ಬಲಕ್ಕೆ ಎಳೆದು ಹೊಡೆಯಬಾರದಿತ್ತೇ ಅಂದರಂತೆ. ವಿಲಿಯಮ್ಸ್ ಆಟ ಬಲ್ಲವರಿಗೆ ಈ ಮಾತಿನ ರುಚಿ ಗೊತ್ತು. ಅವರು ಚೆಂಡನ್ನು ಮೈದಾನದ ಬಲಭಾಗಕ್ಕೆ ಎಳೆದು ಹೊಡೆಯುವುದರಲ್ಲಿ ಎಷ್ಟು ಹೆಸರಾಗಿದ್ದರು ಅಂದರೆ, ಎದುರು ತಂಡಗಳು ಫೀಲ್ಡರ್‌ಗಳನ್ನೆಲ್ಲ ಬಲಕ್ಕೇ ಸರಿಸಿ ನಿಲ್ಲಿಸುತ್ತಿದ್ದವು.

ಬ್ರಿಸ್ಸಿ ಎದ್ದರು. ಆಟ ಮುಂದುವರಿಸಿದರು. ಪಂದ್ಯ ಮುಗಿಯುವವರೆಗೂ ತಾವೇ ಎಸೆದು 4–2ರಲ್ಲಿ ಗೆಲ್ಲಿಸಿದರು.

ಇಲ್ಲಿಯೂ ನೋವನ್ನು ನುಂಗಿದ್ದಕ್ಕಿಂತ ನನಗೆ ಮುಖ್ಯ ಅನಿಸುವುದು ಇನ್ನೊಂದು. ಎಲ್ಲರೂ ಹೆದರಿದ್ದ ಸಂಗತಿ ಮೊದಲ ದಿನವೇ ನಡೆದುಹೋಯಿತು. ಚೆಂಡು ಆ ಕಾಲಿಗೆ ಬಡಿದರೆ ಏನಾಗುತ್ತದೆ ಅನ್ನುವ ಪ್ರಶ್ನೆಗೆ ಸಾವಿರಾರು ಜನರ ಮುಂದೆ ಉತ್ತರ ಸಿಕ್ಕಿತು. ಅವರು ಮತ್ತೆ ಏಳುತ್ತಾರೆ, ಮತ್ತೆ ಎಸೆಯುತ್ತಾರೆ.

ಒಳ್ಳೆಯ ವರ್ಷಗಳು, 1950ರ ವರ್ಷ

1948ರಲ್ಲಿ 14 ಗೆಲುವು, 10 ಸೋಲು. 1949ರಲ್ಲಿ 16 ಗೆಲುವು, 11 ಸೋಲು, ಜೊತೆಗೆ ಎರಡು ಲೀಗ್‌ಗಳ ಆಯ್ದ ಆಟಗಾರರು ಎದುರುಬದುರಾಗುವ ಆಲ್ ಸ್ಟಾರ್ ಪಂದ್ಯಕ್ಕೆ ಆಯ್ಕೆ. ಜುಲೈ 12ರಂದು ಬ್ರೂಕ್ಲಿನ್‌ನ ಎಬೆಟ್ಸ್ ಫೀಲ್ಡ್‌ನಲ್ಲಿ ನಡೆದ ಆ ಪಂದ್ಯದಲ್ಲಿ ಅವರು ಮೂರು ಇನ್ನಿಂಗ್ಸ್ ಎಸೆದರು. ಕಪ್ಪು ಆಟಗಾರರು ಮೊದಲ ಬಾರಿಗೆ ಆಲ್ ಸ್ಟಾರ್ ಮೈದಾನಕ್ಕಿಳಿದದ್ದೂ ಅದೇ ಪಂದ್ಯದಲ್ಲಿ. ಆಧುನಿಕ ಮೇಜರ್ ಲೀಗ್‌ನ ಮೊದಲ ಕಪ್ಪು ಆಟಗಾರ ಜಾಕಿ ರಾಬಿನ್ಸನ್ ಎದುರು ತಂಡದಲ್ಲಿದ್ದರು.

ಅವರ ಎಸೆತದಲ್ಲಿ ಕೊರತೆ ಇರಲಿಲ್ಲ ಅಂತಲ್ಲ. ಚೆಂಡು ಗುರಿ ತಪ್ಪಿ ಬ್ಯಾಟರ್‌ಗಳಿಗೆ ಪುಕ್ಕಟೆ ಬೇಸ್ (ರನ್ ಗಳಿಸಲು ಒಂದೊಂದಾಗಿ ಮುಟ್ಟಬೇಕಾದ ಠಾಣೆ) ಕೊಟ್ಟದ್ದು ಬಹಳ. ವೃತ್ತಿಜೀವನ ಪೂರ್ತಿ ತೆಗೆದುಕೊಂಡರೆ ಎಸೆತದಿಂದಲೇ ಬ್ಯಾಟರ್‌ನನ್ನು ಔಟ್ ಮಾಡುವ ಸ್ಟ್ರೈಕೌಟ್‌ಗಳಿಗಿಂತ ಇವೇ ಸ್ವಲ್ಪ ಜಾಸ್ತಿ. ನಿಲ್ಲುವ ಕಾಲು ಅಲುಗಿದರೆ ಗುರಿ ಅಲುಗುತ್ತದೆ, ಕಾರಣ ಅದೇ ಇದ್ದೀತು ಅನ್ನುವುದು ನನ್ನ ಊಹೆ. ಅದೃಷ್ಟಕ್ಕೆ ಅವರ ಹಿಂದೆ ಒಳ್ಳೆಯ ಫೀಲ್ಡರ್‌ಗಳಿದ್ದರು. 1949ರ ಅಥ್ಲೆಟಿಕ್ಸ್ ತಂಡ ಒಂದೇ ಏಟಿಗೆ ಇಬ್ಬರನ್ನು ಔಟ್ ಮಾಡುವ ಡಬಲ್ ಪ್ಲೇಗಳನ್ನು 217 ಸಲ ಮಾಡಿ ದಾಖಲೆ ಬರೆಯಿತು. ಪುಕ್ಕಟೆ ಬೇಸ್ ಪಡೆದವರಲ್ಲಿ ಎಷ್ಟೋ ಜನ ಹೀಗೆ ಔಟಾಗಿ ಹೋದರು.

ಈಗ 1950ಕ್ಕೆ ಬನ್ನಿ. 7 ಗೆಲುವು, 19 ಸೋಲು. ಬ್ರಿಸ್ಸಿಯವರ ಒಟ್ಟು ಲೆಕ್ಕವನ್ನು ಕೆಡಿಸಿದ ವರ್ಷ ಇದೇ. ಇದೊಂದನ್ನು ಬಿಟ್ಟರೆ ಅವರದು 37 ಗೆಲುವು, 29 ಸೋಲು. ಕಾಲು ಕೊನೆಗೂ ಕೈಕೊಟ್ಟಿತು ಅಂತ ಅಂದುಕೊಳ್ಳುವುದು ಸುಲಭ. ಆದರೆ ಒಳಗಿನ ಅಂಕಿ ಬೇರೆಯೇ ಹೇಳುತ್ತದೆ. 1949ರಲ್ಲಿ ಅವರ ರನ್ ಸರಾಸರಿ 4.28 ಇತ್ತು. 1950ರಲ್ಲಿ 4.02. ಅಂದರೆ ಗೆದ್ದ ವರ್ಷಕ್ಕಿಂತ ಸೋತ ವರ್ಷ ಅವರು ಕಡಿಮೆ ರನ್ ಕೊಟ್ಟಿದ್ದರು. ಕುಸಿದದ್ದು ತಂಡ. ಆ ವರ್ಷ ಅಥ್ಲೆಟಿಕ್ಸ್ 52 ಗೆದ್ದು 102 ಸೋತಿತು. ಅಂಥ ತಂಡದಲ್ಲಿ ಯಾವ ಪಿಚರ್ ಲೆಕ್ಕ ಚೆನ್ನಾಗಿರುತ್ತದೆ ಹೇಳಿ?

ಇನ್ನೊಂದು ಅಂಕಿ ಇದೆ, ನನಗೆ ಬೇಸರ ತರುವಂಥದ್ದು. ಆ ವರ್ಷ ಬ್ರಿಸ್ಸಿ 46 ಪಂದ್ಯಗಳಲ್ಲಿ 246 ಇನ್ನಿಂಗ್ಸ್ ಎಸೆದರು. ಕೆಲವು ಪಂದ್ಯ ತಾವೇ ಶುರುಮಾಡಿ, ಕೆಲವಕ್ಕೆ ನಡುವೆ ಬಂದು. ಆಗ ಮ್ಯಾಕ್ ಅವರಿಗೆ 87 ವರ್ಷ, ಅದು ಅವರ 50ನೇ ಮತ್ತು ಕೊನೆಯ ಸೀಸನ್. ಹುಡುಗನಿಗೆ ಕೊಟ್ಟ ಮಾತು ಉಳಿಸಿಕೊಂಡ ಅದೇ ಅಜ್ಜನ ತಂಡ, ಅದೇ ಹುಡುಗನ ಮೇಲೆ ಅಷ್ಟು ಭಾರ ಹೊರಿಸಿತು. ಸೋಂಕಿನ ಕಾಲಿರುವ ಪಿಚರ್‌ಗೆ ಎರಡು ಪಂದ್ಯಗಳ ನಡುವಿನ ವಿಶ್ರಾಂತಿ ಚಿಕಿತ್ಸೆಯಷ್ಟೇ ಮುಖ್ಯ. ಅದು ಸಿಗಲಿಲ್ಲ. ಮ್ಯಾಕ್ ಬಗ್ಗೆ ಮೇಲೆ ಹೇಳಿದ ಗೌರವ ಹಾಗೇ ಇದೆ. ಈ ತಪ್ಪನ್ನೂ ಅದರ ಪಕ್ಕದಲ್ಲೇ ಬರೆಯಬೇಕಾಗುತ್ತದೆ.

ಕ್ಲೀವ್‌ಲ್ಯಾಂಡ್

1951ರ ಏಪ್ರಿಲ್ 30ರಂದು ಮೂರು ತಂಡಗಳ ನಡುವೆ ಆಟಗಾರರ ಅದಲು-ಬದಲಾಯಿತು. ಬ್ರಿಸ್ಸಿ ಕ್ಲೀವ್‌ಲ್ಯಾಂಡ್‌ಗೆ ಹೋದರು. ಅದೇ ಒಪ್ಪಂದದಲ್ಲಿ ಕ್ಲೀವ್‌ಲ್ಯಾಂಡ್‌ನಿಂದ ಶಿಕಾಗೊಗೆ ಹೋದವರು ಮಿನಿ ಮಿನ್ಯೋಸೊ, ಮುಂದೆ ಬಹಳ ದೊಡ್ಡ ಹೆಸರು ಮಾಡಿದ ಆಟಗಾರ. ಕ್ಲೀವ್‌ಲ್ಯಾಂಡ್‌ನಲ್ಲಿ ಬಾಬ್ ಫೆಲ್ಲರ್, ಬಾಬ್ ಲೆಮನ್, ಅರ್ಲಿ ವಿನ್, ಮೈಕ್ ಗಾರ್ಸಿಯಾ ಇದ್ದರು. ಪಂದ್ಯ ಶುರುಮಾಡುವ ಜಾಗವೇ ಖಾಲಿ ಇರಲಿಲ್ಲ. ಬ್ರಿಸ್ಸಿ ನಡುವೆ ಬಂದು ಒಂದೆರಡು ಇನ್ನಿಂಗ್ಸ್ ಎಸೆಯುವ ಪಿಚರ್ ಆದರು. ಅಲ್ಲಿ 1951ರಲ್ಲಿ 54 ಪಂದ್ಯ, 1952ರಲ್ಲಿ 42. ಪಂದ್ಯ ಜಾಸ್ತಿ, ಎಸೆತ ಕಡಿಮೆ. ಆ ಕಾಲಿಗೆ ಈ ಕೆಲಸವೇ ಹೊಂದುತ್ತಿತ್ತು, ಮೊದಲೇ ಕೊಡಬೇಕಿತ್ತು ಅನಿಸುತ್ತದೆ. 1953ರಲ್ಲಿ ಅವಕಾಶ ಬಹಳ ಕಡಿಮೆಯಾಯಿತು. 29ನೇ ವಯಸ್ಸಿಗೆ ಆಟ ನಿಲ್ಲಿಸಿದರು.

ಆಮೇಲೆ ಕೆಲವು ವರ್ಷ ಮಾಜಿ ಸೈನಿಕರ ಸಂಘಟನೆಯಾದ ಅಮೆರಿಕನ್ ಲೀಜನ್‌ನ ಬೇಸ್‌ಬಾಲ್ ಕಾರ್ಯಕ್ರಮ ನೋಡಿಕೊಂಡರು. ಹದಿಹರೆಯದ ಹುಡುಗರಿಗಾಗಿ ದೇಶದುದ್ದಕ್ಕೂ ನಡೆಯುವ ಆಟ ಅದು. ಎಡಗಾಲು ನೋವು ಕೊಡುವುದನ್ನು ಬಿಡಲಿಲ್ಲ. ವಯಸ್ಸಾದಂತೆ ಸೋಂಕು ಮತ್ತೆ ಮತ್ತೆ ಮರಳಿ ಆಸ್ಪತ್ರೆ ಸೇರಿಸುತ್ತಿತ್ತು.

ಆಡುತ್ತಿದ್ದ ದಿನಗಳಿಂದಲೂ ಅವರಿಗೆ ಪತ್ರಗಳು ಬರುತ್ತಿದ್ದವು. ಯುದ್ಧದಲ್ಲಿ ಕೈಕಾಲು ಕಳೆದುಕೊಂಡವರಿಂದ, ನಡೆಯಲಾಗದ ಮಕ್ಕಳಿಂದ, ಆ ಮಕ್ಕಳ ತಂದೆತಾಯಿಯಿಂದ. ಅವರು ಉತ್ತರ ಬರೆಯುತ್ತಿದ್ದರು. ತಂಡ ಯಾವ ಊರಿಗೆ ಹೋದರೂ ಅಲ್ಲಿನ ಆಸ್ಪತ್ರೆಗಳಿಗೆ ಹೋಗಿ ಬರುತ್ತಿದ್ದರು. 80 ದಾಟಿದ ಮೇಲೂ ಅದನ್ನು ಬಿಡಲಿಲ್ಲ. ಜಾರ್ಜಿಯಾದ ಅಗಸ್ಟಾದಲ್ಲಿ ಮಾಜಿ ಸೈನಿಕರ ಆಸ್ಪತ್ರೆಯಿದೆ. ಇರಾಕ್, ಅಫ್ಘಾನಿಸ್ತಾನದಿಂದ ಗಾಯಗೊಂಡು ಬಂದ ಹುಡುಗರು ಅಲ್ಲಿದ್ದರು. ಬ್ರಿಸ್ಸಿ ಹೋಗಿ ಅವರ ಜೊತೆ ಮಾತಾಡುತ್ತಿದ್ದರು. 2013ರ ನವೆಂಬರ್ 25ರಂದು ಅದೇ ಅಗಸ್ಟಾದಲ್ಲಿ, 89ನೇ ವಯಸ್ಸಿನಲ್ಲಿ ತೀರಿಕೊಂಡರು.